ಮರಿಯಾ ಪಿಯಾ ಕಸೀಲಿಯೊ

ಕಸೀಲಿಯೊ, ಮರಿಯಾ ಪಿಯಾ (1935–2012): ಇಟಲಿಯ ಚಲನಚಿತ್ರ ನಟಿ. ವಿಟ್ಟೋರಿಯೊ ಡಿ ಸಿಕಾ ನಿರ್ದೇಶನದ ‘ಉಂಬರ್ಟೊ ಡಿ.’ (1952) ಚಿತ್ರದಲ್ಲಿ ಮನೆಗೆಲಸದ ಹುಡುಗಿಯ ಪಾತ್ರ ವಹಿಸಿ ಹೆಸರಾದವಳು. ಈಕೆಯ ಮುಖ್ಯ ಚಿತ್ರಗಳೆಲ್ಲವೂ 1950ರ ದಶಕದವು.

ಆರಂಭ: ಹುಟ್ಟಿದ್ದು 1935ರ ಮೇ 5ರಂದು, ಅಬ್ರುಟ್ಸೊ ಪ್ರಾಂತದ ಸಾನ್ ಪಿಯೊ ದೆಲ್ಲೆ ಕಾಮೆರೆ ಎಂಬ ಹಳ್ಳಿಯಲ್ಲಿ. ಎರಡನೆಯ ಮಹಾಯುದ್ಧದ ಅನಂತರ ಇಟಲಿಯ ನವವಾಸ್ತವವಾದಿ ನಿರ್ದೇಶಕರು ತಾರೆಯರನ್ನು ಬಿಟ್ಟು, ಕ್ಯಾಮೆರಾದ ಮುಂದೆ ಎಂದೂ ನಿಲ್ಲದವರನ್ನು ಮುಖ್ಯ ಪಾತ್ರಗಳಿಗೆ ಹುಡುಕುತ್ತಿದ್ದರು. ‘ಉಂಬರ್ಟೊ ಡಿ.’ ಚಿತ್ರದ ನಾಯಕ, ಪಿಂಚಣಿ ಸಾಲದೆ ಬಾಡಿಗೆ ಕೋಣೆಯಿಂದ ಹೊರಬೀಳುವ ಮುದುಕನ ಪಾತ್ರ, ಫ್ಲಾರೆನ್ಸ್ ವಿಶ್ವವಿದ್ಯಾಲಯದ ಭಾಷಾವಿಜ್ಞಾನದ ಪ್ರಾಧ್ಯಾಪಕ ಕಾರ್ಲೊ ಬಟ್ಟಿಸ್ತಿಯವರ ಪಾಲಿಗೆ ಬಂತು. ಅದೇ ಮನೆಯಲ್ಲಿ ಕೆಲಸಕ್ಕಿರುವ ಮರಿಯಾಳ ಪಾತ್ರ ಕಸೀಲಿಯೊಗೆ ಸಿಕ್ಕಿತು. ಚಿತ್ರ ತೆರೆಕಂಡಾಗ ಈಕೆಗೆ 16 ವರ್ಷ.

ಅಡುಗೆಮನೆಯ ದೃಶ್ಯ: ಕಥೆಯ ಮರಿಯಾ ಬಸುರಿ. ತಂದೆ ನೇಪಲ್ಸಿನ ಸೈನಿಕನೋ ಫ್ಲಾರೆನ್ಸಿನ ಸೈನಿಕನೋ ಅವಳಿಗೇ ತಿಳಿಯದು. ಮನೆಯೊಡತಿಗೆ ಗೊತ್ತಾದರೆ ಕೆಲಸ ಹೋಗುತ್ತದೆ. ಒಂದು ಬೆಳಗ್ಗೆ ಅವಳು ನಿದ್ದೆಗಣ್ಣಿನಲ್ಲಿ ಅಡುಗೆಮನೆಗೆ ಬಂದು ಗೋಡೆಗೆ ಕಡ್ಡಿ ಗೀರಿ ಒಲೆ ಹೊತ್ತಿಸುತ್ತಾಳೆ. ಕಿಟಕಿಯಾಚೆ ಮಾಡಿನ ಮೇಲೆ ಬೆಕ್ಕೊಂದು ಹಾದುಹೋಗುವುದನ್ನು ನೋಡುತ್ತಾಳೆ. ಗೋಡೆಯ ಇರುವೆಗಳ ಮೇಲೆ ನೀರು ಚೆಲ್ಲುತ್ತಾಳೆ. ಹೊಟ್ಟೆಯತ್ತ ಒಮ್ಮೆ ಕಣ್ಣು ಹಾಯಿಸುತ್ತಾಳೆ. ಆಮೇಲೆ ಕುರ್ಚಿಯಲ್ಲಿ ಕೂತು ಕಾಫಿಬೀಜ ಪುಡಿಮಾಡುವಾಗ, ಏಳಲು ಬೇಸರವೆಂಬಂತೆ, ಕಾಲು ಚಾಚಿ ಬೆರಳ ತುದಿಯಿಂದ ಬಾಗಿಲು ನೂಕುತ್ತಾಳೆ. ಕೆನ್ನೆ ಒದ್ದೆಯಾಗಿರುತ್ತದೆ. ಈ ದೃಶ್ಯದಲ್ಲಿ ಮಾತಿಲ್ಲ; ಕಥೆ ಒಂದು ಹೆಜ್ಜೆಯೂ ಮುಂದೆ ಹೋಗುವುದಿಲ್ಲ. ಅವಳ ಭಯವನ್ನು ನೋಡುಗರು ದಿನನಿತ್ಯದ ಕೆಲಸದ ನಡುವೆಯೇ ಗುರುತಿಸಿಕೊಳ್ಳಬೇಕು.

ಸಾಮಾನ್ಯರ ಸಾಮಾನ್ಯ ಕ್ಷಣಗಳೇ ಚಿತ್ರಕ್ಕೆ ವಸ್ತುವಾಗಬೇಕೆಂದು ವಾದಿಸುತ್ತಿದ್ದ ಚಿತ್ರಕಥೆಗಾರ ಚೇಸರೆ ಜವಟ್ಟೀನಿಯ ವಿಚಾರಕ್ಕೆ ಇದಕ್ಕಿಂತ ಸ್ಪಷ್ಟವಾದ ನಿದರ್ಶನ ಸಿಗುವುದು ಕಷ್ಟ. ಫ್ರೆಂಚ್ ವಿಮರ್ಶಕ ಆಂದ್ರೆ ಬಾಜಾನ್ ಈ ದೃಶ್ಯವನ್ನು ವಿವರವಾಗಿ ವಿಶ್ಲೇಷಿಸಿದ. ತತ್ತ್ವಜ್ಞಾನಿ ಜಿಲ್ ಡೆಲ್ಯೂಜ್ 1985ರಲ್ಲಿ ಪ್ರಕಟಿಸಿದ, ಸಿನಿಮಾ ಕುರಿತ ತನ್ನ ಎರಡನೆಯ ಸಂಪುಟದ ಮೊದಲ ಅಧ್ಯಾಯದಲ್ಲೇ ಇದನ್ನು ಚರ್ಚಿಸಿದ. ಆದರೆ ಬಿಡುಗಡೆಯಾದಾಗ ಇಟಲಿಯಲ್ಲಿ ಚಿತ್ರ ಹಣ ಗಳಿಸಲಿಲ್ಲ. ಸರ್ಕಾರದಲ್ಲಿ ಚಿತ್ರೋದ್ಯಮದ ಹೊಣೆ ಹೊತ್ತಿದ್ದ ಜೂಲಿಯೊ ಆಂಡ್ರಿಯೊಟ್ಟಿ, ಇದು ದೇಶದ ಹೆಸರಿಗೆ ಕುಂದು ತರುತ್ತದೆಂದು ಡಿ ಸಿಕಾನನ್ನು ಬಹಿರಂಗವಾಗಿ ಟೀಕಿಸಿದ.

ಅನಂತರದ ಪಾತ್ರಗಳು: 1953ರಲ್ಲಿ ಮಾರ್ಸೆಲ್ ಕಾರ್ನೆಯ ಫ್ರೆಂಚ್–ಇಟಾಲಿಯನ್ ಚಿತ್ರ ‘ತೆರೇಸ್ ರಾಕ್ಯಾಂ’ನಲ್ಲಿ ಸಿಮೋನ್ ಸಿನ್ಯೋರೆ ಮತ್ತು ರಾಫ್ ವಲ್ಲೋನೆಯರೊಂದಿಗೆ ನಟಿಸಿದಳು. ಇಲ್ಲಿಯೂ ಕೆಲಸದವಳದೇ ಪಾತ್ರ, ಹೋಟೆಲಿನ ಜಾರ್ಜೆಟ್. ಕೊಲೆಯ ಗುಟ್ಟು ಹಿಡಿದು ಹಣ ಕೀಳುವ ನಾವಿಕ, ತಾನು ಐದು ಗಂಟೆಗೆ ಮರಳದಿದ್ದರೆ ಅಂಚೆಗೆ ಹಾಕೆಂದು ಒಂದು ಪತ್ರವನ್ನು ಇವಳ ಕೈಗೆ ಕೊಟ್ಟಿರುತ್ತಾನೆ. ಅಪಘಾತದಲ್ಲಿ ಅವನು ಸಾಯುತ್ತಾನೆ, ಏನೂ ಅರಿಯದ ಹುಡುಗಿ ಹೇಳಿದಂತೆ ಮಾಡುತ್ತಾಳೆ. ಚಿತ್ರಕ್ಕೆ ವೆನಿಸ್ ಉತ್ಸವದಲ್ಲಿ ಬೆಳ್ಳಿ ಸಿಂಹ ಪ್ರಶಸ್ತಿ ದೊರೆಯಿತು.

ಅಷ್ಟರಲ್ಲಿ ನವವಾಸ್ತವವಾದದ ಕಾವು ಇಳಿದು, ಹಳ್ಳಿ–ಬಡತನಗಳನ್ನೇ ಲಘುಹಾಸ್ಯದಲ್ಲಿ ತೋರಿಸುವ ಚಿತ್ರಗಳು ಜನಪ್ರಿಯವಾಗಿದ್ದವು. ಕಸೀಲಿಯೊ ಆ ಕಡೆಗೆ ಹೊರಳಿದಳು. ಲುಯಿಜಿ ಕೊಮೆಂಚೀನಿಯ ‘ಪಾನೆ, ಅಮೋರೆ ಎ ಫಂಟಾಸಿಯಾ’ (1953) ಚಿತ್ರದಲ್ಲಿ ಪಾವೊಲೆಟ್ಟಾಳಾದಳು. ಇದರ ನಾಯಕಿ ಜೀನಾ ಲೊಲ್ಲೊಬ್ರಿಜಿಡಾ, ನಾಯಕ ಸ್ವತಃ ಡಿ ಸಿಕಾ. ಸ್ಟೆನೊ ನಿರ್ದೇಶನದ ‘ಉನ್ ಅಮೆರಿಕಾನೊ ಎ ರೋಮಾ’ದಲ್ಲಿ (1954), ಅಮೆರಿಕದ ಹುಚ್ಚು ಹಿಡಿದ ರೋಮಿನ ಯುವಕನಾದ ಆಲ್ಬರ್ಟೊ ಸೋರ್ಡಿಯ ಕಾಟ ಸಹಿಸುವ ಪ್ರೇಯಸಿ ಎಲ್ವೀರಾಳಾಗಿ ನಟಿಸಿದಳು. ಇಟಲಿಯ ಸಾಮಾನ್ಯ ಪ್ರೇಕ್ಷಕರಲ್ಲಿ ಅನೇಕರಿಗೆ ಈಕೆಯ ಪರಿಚಯ ಈ ಪಾತ್ರದಿಂದಲೇ.

ನಿವೃತ್ತಿ: ಮಾರ್ಲನ್ ಬ್ರಾಂಡೊ, ಪಾಲ್ ನ್ಯೂಮನ್ ಮೊದಲಾದವರಿಗೆ ಇಟಾಲಿಯನ್ ಭಾಷೆಯಲ್ಲಿ ಧ್ವನಿ ನೀಡಿದ ಕಂಠದಾನ ಕಲಾವಿದ ಜುಸೆಪ್ಪೆ ರಿನಾಲ್ಡಿಯನ್ನು ಮದುವೆಯಾದ ಈಕೆ, ಅನಂತರ ಚಿತ್ರರಂಗದಿಂದ ದೂರ ಸರಿದಳು. 2012ರ ಏಪ್ರಿಲ್ 10ರಂದು ರೋಮ್‌ನಲ್ಲಿ ನಿಧನಹೊಂದಿದಳು. ನಾಯಕಿಯ ಪಟ್ಟ ಈಕೆಗೆ ಒಲಿಯಲಿಲ್ಲ. ದೊಡ್ಡ ನಿರ್ದೇಶಕರು ಕರೆದದ್ದೂ ಹೆಚ್ಚಾಗಿ ಕೆಲಸದ ಹುಡುಗಿ, ಹಳ್ಳಿ ಹುಡುಗಿಯರ ಪಾತ್ರಗಳಿಗೇ. ಹಾಗಿದ್ದೂ ಯುದ್ಧೋತ್ತರ ಯುರೋಪಿನ ಸಿನಿಮಾವನ್ನು ಅಭ್ಯಾಸ ಮಾಡುವವರು, ಈಕೆ ನಟಿಸಿದ ಆ ಅಡುಗೆಮನೆಯ ದೃಶ್ಯವನ್ನು ಬಿಟ್ಟು ಮುಂದೆ ಹೋಗುವಂತಿಲ್ಲ.