ಹಿಂಡಿನ ಹಾದಿ, ಅರಸರ ಗೆರೆ

ಟಂಡ್ರಾ ಎಂಬ ಹೆಸರಿನಡಿ ನಾವು ಬಾಲ್ಯದಲ್ಲಿ ಓದಿದ್ದು ಬಹುಮಟ್ಟಿಗೆ ಇಲ್ಲಗಳ ಪಟ್ಟಿ: ಮರವಿಲ್ಲ, ಬೇಸಾಯವಿಲ್ಲ, ಊರಿಲ್ಲ, ಚಳಿಗಾಲದಲ್ಲಿ ಸೂರ್ಯನೂ ಇಲ್ಲ. ಆ ಪದವೇ ಯೂರೋಪಿನ ಉತ್ತರದ ತುದಿಯಲ್ಲಿ ವಾಸಿಸುವ ಸಾಮಿ ಜನರ ನುಡಿಯಿಂದ ರಷ್ಯನ್ ಭಾಷೆಗೆ ಸೇರಿ, ಅಲ್ಲಿಂದ ಜಗತ್ತಿನ ಭೂಗೋಳಗಳಿಗೆಲ್ಲ ಹಬ್ಬಿತೆಂಬುದನ್ನಾಗಲಿ, ಮರವಿಲ್ಲದ ಬಯಲೆಂದು ಅವರು ಕರೆದ ಆ ನೆಲ ಅವರ ಪಾಲಿಗೆ ತುಂಬಿದ ಮನೆಯಾಗಿತ್ತೆಂಬುದನ್ನಾಗಲಿ, ಯಾವ ಉಪಾಧ್ಯಾಯರೂ ನಮಗೆ ಹೇಳಲಿಲ್ಲ. ಬರಿದಾದ ನೆಲವೆಂದು ಹೊರಗಿನವರು ಒಮ್ಮೆ ನಂಬಿದ ಮೇಲೆ ಅದರ ಮೇಲೆ ಗೆರೆ ಎಳೆಯಲು ಅವರ ಕೈ ಅಳುಕುವುದಿಲ್ಲ. ನಾರ್ವೆ, ಸ್ವೀಡನ್, ಫಿನ್ಲೆಂಡುಗಳ ಉತ್ತರಭಾಗದ ಕಳೆದ ಮುನ್ನೂರು ವರುಷಗಳ ಚರಿತ್ರೆಯನ್ನು ಓದುವಾಗ ನನಗೆ ಮತ್ತೆ ಮತ್ತೆ ತೋರಿದ್ದು ಇದೇ.

ಆ ನೆಲದ ವ್ಯವಹಾರವನ್ನೆಲ್ಲ ನಿಯಂತ್ರಿಸುವುದು ಬಲು ಸಣ್ಣದೊಂದು ಸಸ್ಯಸದೃಶ ಜೀವಿ. ನಮ್ಮ ಅಡುಗೆಮನೆಯ ಮಸಾಲೆಯ ಡಬ್ಬಿಯಲ್ಲಿ ಕಲ್ಲುಹೂವೆಂಬ ಹೆಸರಿನಿಂದ ಕುಳಿತಿರುವ, ಹೂವೂ ಅಲ್ಲದ ಎಲೆಯೂ ಅಲ್ಲದ ಆ ಒಣ ಚಕ್ಕೆ ಯಾವ ವರ್ಗಕ್ಕೆ ಸೇರಿದುದೋ ಆ ಕಲ್ಲುಹೂಗಳ ವರ್ಗಕ್ಕೇ ಇದೂ ಸೇರಿದುದು. ಶಿಲೀಂಧ್ರವೂ ಶೈವಲವೂ ಒಂದನ್ನೊಂದು ಪೋಷಿಸುತ್ತ ಕೂಡಿ ಬಾಳುವ ಸಂಸಾರ. ಬೂದುಬಿಳುಪಿನ ಈ ಕುರುಚಲು ವರ್ಷವೊಂದಕ್ಕೆ ಕೆಲವೇ ಮಿಲಿಮೀಟರಿನಷ್ಟು ಬೆಳೆಯುವುದು. ಒಮ್ಮೆ ಬುಡಮಟ್ಟ ಮೇಯಿಸಿದ ಜಾಗ ಮತ್ತೆ ತುಂಬಿಕೊಳ್ಳಲು ದಶಕಗಳೇ ಬೇಕು. ಚಳಿಗಾಲದಲ್ಲಿ ಹಿಮಸಾರಂಗವು ಮೊಳಗಟ್ಟಲೆ ಮಂಜಿನಡಿಯಲ್ಲಿರುವ ಇದರ ವಾಸನೆಯನ್ನು ಹಿಡಿದು, ಮುಂಗಾಲಿನಿಂದ ಅಗೆದು ತಿನ್ನುತ್ತದೆ. ಬೇಸಗೆಯಲ್ಲಾದರೋ ಈ ಕುರುಚಲು ಒಣಗಿ ಗರಿಗರಿಯಾಗಿ, ಗೊರಸಿನ ತುಳಿತಕ್ಕೆ ಪುಡಿಯಾಗಿಬಿಡುವುದರಿಂದ, ಚಳಿಗಾಲದ ಮೇವನ್ನು ಉಳಿಸಿಕೊಳ್ಳಬೇಕಾದರೆ ಬೇಸಗೆಯಲ್ಲಿ ಅಲ್ಲಿ ಹಿಂಡು ಇರಲೇಬಾರದು. ಇದು ಮನುಷ್ಯನ ವಿವೇಕ. ಸೊಳ್ಳೆಗಳ ಮೋಡಗಳಿಂದಲೂ ಮೈಗೂದಲಿನ ಮೇಲೆ ಮೊಟ್ಟೆಯಿಡುವ ನೊಣಗಳಿಂದಲೂ ತಪ್ಪಿಸಿಕೊಂಡು ಗಾಳಿ ಬೀಸುವ ಕಡಲತಡಿಗೆ ಓಡಬೇಕೆಂಬುದು ಪ್ರಾಣಿಯ ವಿವೇಕ. ಎರಡೂ ಒಂದೇ ಹಾದಿಯಲ್ಲಿ ಕೂಡಿಕೊಂಡವು. ಉತ್ತರ ನಾರ್ವೆಯ ಕೌಟೊಕೈನೊ ಎಂಬ ಊರಿನ ಸುತ್ತಣ ಒಳನಾಡಿನ ಪ್ರಸ್ಥಭೂಮಿಯಿಂದ ವಸಂತದಲ್ಲಿ ಗಬ್ಬದ ಹೆಣ್ಣುಗಳು ಮೊದಲು ಹೊರಡುವುದು, ಹಿಂಡು ಕಡಲನ್ನು ಮುಟ್ಟಿ ಕೆಲವೆಡೆ ಈಜಿಕೊಂಡೇ ದ್ವೀಪಗಳನ್ನು ಸೇರುವುದು, ಶರತ್ತಿನಲ್ಲಿ ಅದೇ ಜಾಡಿನಲ್ಲಿ ಮರಳುವುದು, ಹೀಗೆ ನಡೆದುಬಂದಿತು. ಜನರು ಹಿಂಡನ್ನು ಅಟ್ಟಿಕೊಂಡು ಹೋಗುತ್ತಿದ್ದರೆನ್ನುವುದಕ್ಕಿಂತ, ಅದರ ಹಿಂದೆ ಹೋಗುತ್ತಿದ್ದರೆಂದರೆ ನಿಜಕ್ಕೆ ಹತ್ತಿರ.

ಆದರೆ ಈ ದೊಡ್ಡ ಹಿಂಡುಗಳ ಪದ್ಧತಿ ಅನಾದಿಯದೆಂದು ಭಾವಿಸಬಾರದು. ಸುಮಾರು 890ರಲ್ಲಿ ಇಂಗ್ಲೆಂಡಿನ ಆಲ್ಫ್ರೆಡ್ ರಾಜನ ಆಸ್ಥಾನಕ್ಕೆ ಬಂದ ಓಟ್ಟರ್ ಎಂಬ ಉತ್ತರ ನಾರ್ವೆಯ ಪ್ರಭು ತನ್ನ ಸಿರಿಯನ್ನು ವರ್ಣಿಸುತ್ತ, ತನ್ನಲ್ಲಿ 600 ಪಳಗಿದ ಹಿಮಸಾರಂಗಗಳಿದ್ದುವೆಂದೂ, ಅವುಗಳ ಪೈಕಿ ಆರು ಕಾಡಿನವನ್ನು ಸೆಳೆದುಕೊಡುವ ದೀಪಕ ಮೃಗಗಳೆಂದೂ, ಆ ಆರಕ್ಕೆ ಸಾಮಿ ಜನರಲ್ಲಿ ಬಹಳ ಬೆಲೆಯೆಂದೂ ಹೇಳಿ ಬರೆಸಿದ್ದಾನೆ. ಬೇಟೆಯೇ ಆಗ ಮುಖ್ಯವಾಗಿತ್ತೆಂಬುದಕ್ಕೆ ಬೇರೆ ಸಾಕ್ಷಿ ಬೇಡ. ಸಾಮಿ ಜನರು ಅವನಿಗೆ ಕಪ್ಪವಾಗಿ ಕೊಡುತ್ತಿದ್ದುದು ತುಪ್ಪಳು, ಹಕ್ಕಿಯ ಪುಕ್ಕ, ತಿಮಿಂಗಿಲದ ಎಲುಬು, ಕಡಲಪ್ರಾಣಿಗಳ ತೊಗಲಿನಿಂದ ಹೊಸೆದ ಹಡಗಿನ ಹಗ್ಗ. ಬೇಟೆ ಹೆಚ್ಚಿ ಕಾಡುಸಾರಂಗ ಕಡಮೆಯಾದಂತೆ, ತೆರಿಗೆಯ ಭಾರ ಏರಿದಂತೆ, ಹದಿನಾರು ಹದಿನೇಳನೆಯ ಶತಮಾನಗಳ ಹೊತ್ತಿಗೆ ಅವರಲ್ಲಿ ಅನೇಕರು ಬೇಟೆಗಾರರಿಂದ ಹಿಂಡಿನೊಡೆಯರಾಗಿ ಮಾರ್ಪಟ್ಟರು. ತೆರಿಗೆಯ ಮಾತು ಬಂದದ್ದರಿಂದ ಹೇಳುತ್ತೇನೆ: ಡೆನ್ಮಾರ್ಕ್-ನಾರ್ವೆಯ ಅರಸನೂ ಸ್ವೀಡನ್ನಿನ ಅರಸನೂ ರಷ್ಯದ ತ್ಸಾರನೂ, ಮೂವರೂ ಆ ಜನ ತನ್ನ ಪ್ರಜೆಗಳೆಂದು ಹಕ್ಕು ಸಾಧಿಸುತ್ತಿದ್ದುದರಿಂದ, ಒಬ್ಬನೇ ಬಡವನು ಕೆಲವು ಪ್ರದೇಶಗಳಲ್ಲಿ ಮೂವರಿಗೂ ತೆರಿಗೆ ತೆರಬೇಕಾಗಿತ್ತು. ಒಡೆತನವು ಅನಿಶ್ಚಿತವಾದಾಗ ವಸೂಲಿ ಮಾತ್ರ ಹೇಗೆ ನಿಶ್ಚಿತವಾಗಿರುತ್ತದೆಂಬುದಕ್ಕೆ ಇದಕ್ಕಿಂತ ಒಳ್ಳೆಯ ನಿದರ್ಶನ ನನಗೆ ಗೊತ್ತಿಲ್ಲ.

1740ರ ದಶಕದಲ್ಲಿ ಡೆನ್ಮಾರ್ಕ್-ನಾರ್ವೆಯ ಪರವಾಗಿ ಗಡಿಯ ಪರಿಶೀಲನೆಗೆ ಹೊರಟ ಪೀಟರ್ ಶ್ನಿಟ್ಲರ್ ಎಂಬ ಸೈನ್ಯಾಧಿಕಾರಿ, ಬೆಟ್ಟ ಯಾವುದು, ಹೊಳೆ ಎತ್ತ ಹರಿಯುತ್ತದೆ, ಯಾರು ಎಲ್ಲಿ ಮೇಯಿಸುತ್ತಾರೆ ಎಂಬುದನ್ನೆಲ್ಲ ಸ್ಥಳೀಯರನ್ನೇ, ಸಾಮಿ ಜನರನ್ನೂ, ಸಾಕ್ಷಿಗಳಾಗಿ ಕೂಡಿಸಿ ಕೇಳಿ ಬರೆದುಕೊಂಡನು. ಅಂಥ ವಿಚಾರಣೆಗಳ ಫಲವಾಗಿ 1751ರಲ್ಲಿ ಸ್ಟ್ರೋಮ್ಸ್ಟಾಡ್ ಎಂಬಲ್ಲಿ ಒಪ್ಪಂದವಾಗಿ, ನಾರ್ವೆಗೂ ಸ್ವೀಡನ್ನಿಗೂ ನಡುವೆ (ಇಂದಿನ ಫಿನ್ಲೆಂಡ್ ಆಗ ಸ್ವೀಡನ್ನಿನ ಭಾಗವೇ ಆಗಿತ್ತು) ಗಡಿ ನಿಷ್ಕರ್ಷೆಯಾಯಿತು. ಆ ಒಪ್ಪಂದಕ್ಕೆ ಮೂವತ್ತು ಕಲಮುಗಳ ಒಂದು ಅನುಬಂಧವನ್ನು ಸೇರಿಸಿದರು. ಸಾಮಿ ಜನರಿಗೆ ಎರಡು ರಾಜ್ಯಗಳ ನೆಲವೂ ಬೇಕಾಗಿರುವುದರಿಂದ, ಹಳೆಯ ವಾಡಿಕೆಯಂತೆ ವಸಂತದಲ್ಲೂ ಶರತ್ತಿನಲ್ಲೂ ಅವರು ತಮ್ಮ ಹಿಂಡುಗಳೊಡನೆ ಗಡಿಯನ್ನು ದಾಟಬಹುದೆಂದೂ, ಎರಡು ರಾಜ್ಯಗಳ ನಡುವೆ ಯುದ್ಧವೇ ನಡೆಯುತ್ತಿದ್ದರೂ ಈ ಸಂಚಾರಕ್ಕೆ ಅಡ್ಡಿಯಿಲ್ಲವೆಂದೂ, ಯಾವನೊಬ್ಬನೂ ಎರಡು ಕಡೆ ತೆರಿಗೆ ಕೊಡಬೇಕಾಗಿಲ್ಲವೆಂದೂ ಅದರಲ್ಲಿ ವಿಧಿಸಲಾಯಿತು. ಅರಸರು ಇದನ್ನು ಬರೆಸಿದ್ದು ಕರುಣೆಯಿಂದಲೋ, ಪ್ರಜೆಗಳು ಪಕ್ಕದ ರಾಜ್ಯಕ್ಕೆ ಜಾರಿಹೋದಾರೆಂಬ ಲೆಕ್ಕಾಚಾರದಿಂದಲೋ, ನನಗೆ ಎರಡನೆಯದೇ ಹೆಚ್ಚು ಸಂಭವನೀಯವಾಗಿ ತೋರುತ್ತದೆ. ಆದರೂ ಹೊಳೆ ಹರಿಯುವ ದಿಕ್ಕನ್ನು ಕೇಳಿ ತಿಳಿದ ಮೇಲೆ ಗೆರೆ ಎಳೆದವರ ಕಾಗದವದು. ಗೆರೆಯನ್ನು ಎಳೆದ ಕೈಯೇ ಹಿಂಡಿಗೆ ಬಾಗಿಲನ್ನೂ ಇಟ್ಟಿತು.

ಈ ಬಾಗಿಲು ನೂರು ವರ್ಷ ತೆರೆದಿತ್ತು. 1809ರಲ್ಲಿ ಫಿನ್ಲೆಂಡ್ ರಷ್ಯದ ವಶಕ್ಕೆ ಹೋಯಿತು. ಮುಂದೆ ಕಡಲತಡಿಯ ಹಕ್ಕುಗಳ ಕುರಿತ ಮಾತುಕತೆ ಮುರಿದುಬಿದ್ದು, 1852ರಲ್ಲಿ ರಷ್ಯವು ನಾರ್ವೆ-ಫಿನ್ಲೆಂಡುಗಳ ನಡುವಣ ಗಡಿಯನ್ನು ಹಿಂಡುಗಳಿಗೆ ಮುಚ್ಚಿತು. ಕೌಟೊಕೈನೊದ ಕುಟುಂಬಗಳ ಚಳಿಗಾಲದ ಮೇವು ಆಚೆಗೆ ಉಳಿಯಿತು. ಅದೇ ವರ್ಷದ ನವೆಂಬರ್ 8ರಂದು ಆ ಊರಿನಲ್ಲಿ ಸಾಮಿಗಳ ಗುಂಪೊಂದು ವರ್ತಕನನ್ನೂ ಸರ್ಕಾರದ ಅಧಿಕಾರಿಯನ್ನೂ ಕೊಂದು, ಪಾದ್ರಿಯನ್ನು ಹೊಡೆದು, ಮನೆಗೆ ಬೆಂಕಿಯಿಟ್ಟಿತು. ಇದಕ್ಕೆ ಗಡಿ ಮುಚ್ಚಿದ್ದೇ ಕಾರಣವೆಂದು ಹೇಳುವುದು ಅವಸರದ ಮಾತು. ಹೆಂಡವನ್ನು ಮಾರಿ ಜನರನ್ನು ಸಾಲದಲ್ಲಿ ಮುಳುಗಿಸುತ್ತಿದ್ದ ವ್ಯಾಪಾರದ ಮೇಲಣ ಸಿಟ್ಟೂ, ಹೆಂಡದ ವಿರುದ್ಧ ಲೆಸ್ತಾಡಿಯಸ್ ಎಂಬ ಪಾದ್ರಿ ಎಬ್ಬಿಸಿದ್ದ ಮತೋದ್ದೀಪನವೂ ಅದರಲ್ಲಿ ಕೂಡಿಕೊಂಡಿದ್ದುವು. ದಂಗೆಯನ್ನು ಅಡಗಿಸಿದವರೂ ನೆರೆಯ ಸಾಮಿಗಳೇ. ಅಸ್ಲಾಕ್ ಹೆಟ್ಟ, ಮೋನ್ಸ್ ಸೋಂಬಿ ಎಂಬ ಇಬ್ಬರು ನಾಯಕರ ತಲೆಯನ್ನು 1854ರಲ್ಲಿ ಆಲ್ಟ ಬಳಿಯ ಕೋಫ್ಯೋರ್ಡಿನಲ್ಲಿ ಕಡಿಯಲಾಯಿತು. ದೇಹಗಳನ್ನು ಅಲ್ಲಿಯೇ ಹೂಳಿದರು. ತಲೆಗಳನ್ನು ಮಾತ್ರ ಶಾಸ್ತ್ರಾಧ್ಯಯನಕ್ಕೆಂದು ರಾಜಧಾನಿಯ ವಿಶ್ವವಿದ್ಯಾನಿಲಯಕ್ಕೆ ಕಳುಹಿಸಿಕೊಟ್ಟರು.

ಉಳಿದವರು ಜಾಣತನದ ದಾರಿ ಹಿಡಿದರು. ಸ್ವೀಡನ್ನಿಗೂ ಫಿನ್ಲೆಂಡಿಗೂ ನಡುವೆ ಗಡಿ ಇನ್ನೂ ತೆರೆದಿದ್ದುದರಿಂದ, ಅನೇಕರು ಸ್ವೀಡನ್ನಿನ ಕರೆಸುಆಂಡೊ ಎಂಬಲ್ಲಿಗೆ ಹೋಗಿ, ಅಲ್ಲಿಯ ಪ್ರಜೆಗಳೆಂದು ಬರೆಯಿಸಿಕೊಂಡು, ಬೇಸಗೆಗೆ ನಾರ್ವೆಯ ಕಡಲನ್ನೂ ಚಳಿಗಾಲಕ್ಕೆ ಫಿನ್ಲೆಂಡಿನ ಮೇವನ್ನೂ ಉಳಿಸಿಕೊಂಡರು. ಹಾಗೆ ಕೌಟೊಕೈನೊವನ್ನು ಬಿಟ್ಟುಹೋದ ಮನೆತನವೊಂದರ ಮಗ ಯೋಹಾನ್ ತೂರಿ, ತೋಳಗಳ ಬೇಟೆಗಾರ, 1910ರಲ್ಲಿ ತನ್ನ ನುಡಿಯಲ್ಲೇ ತನ್ನ ಜನರ ಬಾಳನ್ನು ಕುರಿತು ಬರೆದ ಪುಸ್ತಕವನ್ನು ಪ್ರಕಟಿಸಿದನು. ಸರ್ಕಾರದವರಿಗೆ ನಮ್ಮ ಸ್ಥಿತಿ ಸರಿಯಾಗಿ ತಿಳಿದರೆ ಅವರು ನಮ್ಮನ್ನು ಹೀಗೆ ನಡೆಸಿಕೊಳ್ಳಲಾರರೆಂಬ ನಂಬಿಕೆ ಅವನಿಗಿತ್ತು. ಅವನು ಬರೆಯುವ ವೇಳೆಗಾಗಲೇ, 1889ರಲ್ಲಿ, ಆ ಎರಡನೆಯ ಗಡಿಯೂ ಮುಚ್ಚಿಹೋಗಿತ್ತು. 1919ರಲ್ಲಿ ನಾರ್ವೆಯೂ ಸ್ವೀಡನ್ನೂ ಹೊಸ ಕರಾರು ಮಾಡಿಕೊಂಡು, ಕಡಲತಡಿಗೆ ಬರಬಹುದಾದ ಹಿಂಡುಗಳ ಸಂಖ್ಯೆಯನ್ನು ಕಡಿತಗೊಳಿಸಿದುವು; ಕರೆಸುಆಂಡೊದ ಎಷ್ಟೋ ಕುಟುಂಬಗಳನ್ನು ಅಧಿಕಾರಿಗಳು ದಕ್ಷಿಣದ ಅಪರಿಚಿತ ಬೆಟ್ಟಗಳಿಗೆ ಸಾಗಿಸಿದರು. ಮನುಷ್ಯರು ಹೋದರು; ಕೆಲವು ಹಿಮಸಾರಂಗಗಳು ಮಾತ್ರ ವಸಂತ ಬಂದಾಗ ಹಳೆಯ ದಿಕ್ಕಿಗೆ ತಿರುಗಿ ನಡೆದುವು.

ಕಡಿದ ತಲೆಗಳ ಮಾತು ಇನ್ನೂ ಉಳಿದಿದೆ. ಬಹುಕಾಲದ ಒತ್ತಾಯದ ಮೇಲೆ 1990ರ ದಶಕದಲ್ಲಿ ಅವುಗಳನ್ನು ಹುಡುಕಿದಾಗ ಸೋಂಬಿಯ ಬುರುಡೆ ಓಸ್ಲೋದಲ್ಲಿ ಸಿಕ್ಕಿತು, ಹೆಟ್ಟನದು ಅಲ್ಲಿರಲಿಲ್ಲ. ಎರಡು ಸಂಗ್ರಹಾಲಯಗಳ ನಡುವಣ ವಿನಿಮಯದಲ್ಲಿ ಅದು ಕಡಲನ್ನು ದಾಟಿ ಕೋಪನ್‌ಹೇಗನ್ನಿಗೆ ಹೋಗಿತ್ತು. ಬುರುಡೆಗೆ ಯಾವ ಗಡಿಯೂ ಅಡ್ಡಬಂದಿರಲಿಲ್ಲ. 1997ರ ನವೆಂಬರಿನಲ್ಲಿ ಎರಡನ್ನೂ ತರಿಸಿ, ಕೋಫ್ಯೋರ್ಡಿನ ಇಗರ್ಜಿಯ ಬಳಿ ಮಣ್ಣು ಮಾಡಿದರು.