ಕಾಲಿಗೆ ಬೆಲೆ ಕಟ್ಟುವ ಬಗೆ

ಹುಬ್ಬಳ್ಳಿಯಿಂದ ಮುಂಡಗೋಡ, ಶಿರಸಿ ಕಡೆಗೆ ಹೊರಟ ಬಸ್ಸು, ಲಾರಿಗಳು ಶಿಗ್ಗಾವಿ ತಾಲ್ಲೂಕಿನ ತಡಸವನ್ನು ಹಾದು ಹೋಗುತ್ತವೆ. ಪುಣೆ–ಬೆಂಗಳೂರು ಹೆದ್ದಾರಿಯೂ ಇದೇ ತಾಲ್ಲೂಕಿನಲ್ಲಿ ಸಾಗುತ್ತದೆ. ಇಂಥ ಊರಿನ ಹಮಾಲನೊಬ್ಬ ಲಾರಿಗೆ ಸಿಕ್ಕು ಕಾಲು ಕಳೆದುಕೊಂಡನೆನ್ನಿ. ಆಸ್ಪತ್ರೆಯ ಬಿಲ್ಲುಗಳನ್ನು ಕೂಡಿಸುವುದು ಸುಲಭ. ಆದರೆ ಸಂಬಳದ ಚೀಟಿಯಿಲ್ಲದ, ದಿನಗೂಲಿಯ ಮನುಷ್ಯನ ಕಾಲಿಗೆ ನ್ಯಾಯಾಲಯ ಬೆಲೆ ಕಟ್ಟುವುದು ಹೇಗೆ?

ಈ ಲೆಕ್ಕಕ್ಕೆ ದೀರ್ಘ ಇತಿಹಾಸವಿದೆ. 1855ರಲ್ಲಿ ಬ್ರಿಟಿಷರು ತಂದ ಮಾರಕ ಅಪಘಾತಗಳ ಕಾಯಿದೆ, ಹೆಸರೇ ಹೇಳುವಂತೆ, ಸತ್ತವರ ಕುಟುಂಬಕ್ಕೆ ಮಾತ್ರ ಸಂಬಂಧಿಸಿದ್ದು. ಗಾಯಗೊಂಡು ಬದುಕಿದವನು ಸಿವಿಲ್ ನ್ಯಾಯಾಲಯದಲ್ಲಿ ದಾವೆ ಹೂಡಬೇಕಿತ್ತು. ಕೇಳಿದ ಮೊತ್ತಕ್ಕೆ ತಕ್ಕಂತೆ ಶುಲ್ಕ ಕಟ್ಟಬೇಕಿತ್ತು. ಬಡವನಿಗೆ ಅದು ಮುಚ್ಚಿದ ಬಾಗಿಲೇ ಸರಿ. 1939ರ ಮೋಟಾರು ವಾಹನ ಕಾಯಿದೆಗೆ 1956ರಲ್ಲಿ ತಿದ್ದುಪಡಿಯಾಗಿ, ಅಪಘಾತದ ಪರಿಹಾರಕ್ಕೆಂದೇ ಪ್ರತ್ಯೇಕ ನ್ಯಾಯಮಂಡಳಿ ಬರಲು ದಾರಿಯಾಯಿತು. ತಡಸದ ಸೀಮೆ ಮುಂಬಯಿ ರಾಜ್ಯವನ್ನು ಬಿಟ್ಟು ಮೈಸೂರು ರಾಜ್ಯಕ್ಕೆ ಸೇರಿದ್ದೂ ಅದೇ ವರ್ಷ.

ಕಾನೂನು ಹೇಳಿದ್ದು ಇಷ್ಟೆ: ಪರಿಹಾರ ‘ನ್ಯಾಯಯುತ’ವಾಗಿರಬೇಕು. ಎಷ್ಟು ಎಂಬುದನ್ನು ನ್ಯಾಯಾಧೀಶರಿಗೇ ಬಿಟ್ಟಿತು. ಹೀಗಾಗಿ ಒಂದೇ ಬಗೆಯ ಗಾಯಕ್ಕೆ ಒಂದೊಂದು ಕಡೆ ಒಂದೊಂದು ಮೊತ್ತ ಸಿಗುವಂತಾಯಿತು. ಇದನ್ನು ಹದಕ್ಕೆ ತಂದವರಲ್ಲಿ ಇಬ್ಬರು ಕರ್ನಾಟಕದಿಂದ ಹೋದ ನ್ಯಾಯಮೂರ್ತಿಗಳು. ಎಂ.ಎನ್. ವೆಂಕಟಾಚಲಯ್ಯನವರು ಕೇರಳ ಸಾರಿಗೆ ಸಂಸ್ಥೆಯ ಪ್ರಕರಣವೊಂದರಲ್ಲಿ, ಇಂಗ್ಲೆಂಡಿನಲ್ಲಿ ರೂಢಿಯಲ್ಲಿದ್ದ ‘ಗುಣಕ’ ಪದ್ಧತಿಯನ್ನೇ ಅನುಸರಿಸಬೇಕೆಂದರು. ವರ್ಷದ ಆದಾಯ ನಷ್ಟವನ್ನು ವಯಸ್ಸಿಗೆ ತಕ್ಕ ಸಂಖ್ಯೆಯಿಂದ ಗುಣಿಸುವುದೇ ಈ ಪದ್ಧತಿ. 2009ರಲ್ಲಿ ಆರ್.ವಿ. ರವೀಂದ್ರನ್ ಅವರು ಸರಳಾ ವರ್ಮಾ ಪ್ರಕರಣದಲ್ಲಿ ಆ ಸಂಖ್ಯೆಗಳ ಪಟ್ಟಿಯನ್ನೇ ಕೊಟ್ಟರು. 15ರಿಂದ 25ರ ವಯಸ್ಸಿನವರಿಗೆ 18, 36ರಿಂದ 40ರವರಿಗೆ 15, 65 ದಾಟಿದವರಿಗೆ 5. ಇವೆರಡೂ ಸಾವಿನ ಪ್ರಕರಣಗಳು. ಆದರೂ ದುಡಿಮೆಯ ಶಕ್ತಿ ಕುಂದಿದ ಗಾಯಾಳುಗಳಿಗೂ ಇದೇ ಗುಣಕ ಬಂತು.

ಹಣದ ನಷ್ಟವೇ ಎಲ್ಲವೂ ಅಲ್ಲ ಎಂಬುದನ್ನು 1995ರ ಹಟ್ಟಂಗಡಿ ಪ್ರಕರಣ ಸ್ಪಷ್ಟಪಡಿಸಿತು. ಚಿಕಿತ್ಸೆಯ ವೆಚ್ಚ, ಕಳೆದುಹೋದ ಗಳಿಕೆ ಒಂದು ಕಡೆ. ನೋವು, ಓಡಾಡಲಾಗದ ಸಂಕಟ, ಬದುಕಿನ ಸುಖದ ನಷ್ಟ ಇನ್ನೊಂದು ಕಡೆ. ಎರಡಕ್ಕೂ ಬೇರೆಬೇರೆಯಾಗಿ ಪರಿಹಾರ ಕೊಡಬೇಕು.

ನಿಜವಾದ ಜಗಳ ಇರುವುದು ಶೇಕಡಾವಾರಿನಲ್ಲಿ. ವೈದ್ಯರು ಕಾಲಿನ ಊನ ಇಷ್ಟು ಎಂದು ಬರೆದುಕೊಡುತ್ತಾರೆ. ಅದರ ಮೂರನೇ ಒಂದು ಭಾಗವನ್ನು ಇಡೀ ದೇಹದ ಊನವೆಂದು ಹಿಡಿಯುವುದು ನಮ್ಮಲ್ಲಿ ರೂಢಿ. ಈ ಯಾಂತ್ರಿಕ ಲೆಕ್ಕ ಸಾಲದು ಎಂದು 2010ರ ರಾಜ್‌ಕುಮಾರ್ ಪ್ರಕರಣದಲ್ಲಿ ರವೀಂದ್ರನ್ ಹೇಳಿದರು. ಎಡಗೈ ಕಳೆದುಕೊಂಡ ಸರ್ಕಾರಿ ಗುಮಾಸ್ತನ ನೌಕರಿ ಉಳಿಯಬಹುದು. ಅದೇ ಚಾಲಕನೋ ಬಡಗಿಯೋ ಆದರೆ ದುಡಿಮೆ ಹೆಚ್ಚುಕಡಿಮೆ ನೂರಕ್ಕೆ ನೂರು ಹೋದಂತೆ. ಅಳೆಯಬೇಕಾದ್ದು ಅಂಗವನ್ನಲ್ಲ, ಕಸುಬನ್ನು.

ಇದರ ಪರಿಣಾಮ ಕಾಣಬೇಕಾದರೆ ಕರ್ನಾಟಕದಿಂದಲೇ ಹೋಗಿ 2014ರಲ್ಲಿ ತೀರ್ಮಾನವಾದ ಸೈಯದ್ ಸಾದಿಕ್ ಪ್ರಕರಣ ನೋಡಬೇಕು. ಅರ್ಜಿದಾರ 24ರ ಹರೆಯದ ತರಕಾರಿ ವ್ಯಾಪಾರಿ. ಒಂದು ಕಾಲು ಹೋಗಿತ್ತು. ಹೈಕೋರ್ಟು ದುಡಿಮೆಯ ನಷ್ಟವನ್ನು ಶೇ 65 ಎಂದು ಹಿಡಿದಿತ್ತು. ಕುಳಿತಲ್ಲೇ ತರಕಾರಿ ಮಾರಬಹುದಲ್ಲ ಎಂಬುದು ಮೇಲ್ನೋಟಕ್ಕೆ ಸರಿಯೆನಿಸುವ ವಾದ. ಸಂತೆಯನ್ನು ಬಲ್ಲವರು ಮಾತ್ರ ಒಪ್ಪಲಾರರು. ಸುಪ್ರೀಂ ಕೋರ್ಟೂ ಒಪ್ಪಲಿಲ್ಲ. ಸಗಟು ಮಾರುಕಟ್ಟೆಯಿಂದಲೋ ರೈತರಿಂದಲೋ ಮಾಲು ತರಬೇಡವೆ, ಗಾಡಿ ತಳ್ಳಬೇಡವೆ? ನಷ್ಟ ಶೇ 85 ಎಂದಾಯಿತು. ಆದಾಯಕ್ಕೆ ಕಾಗದದ ಪುರಾವೆ ಇಲ್ಲದಿದ್ದರೂ ತಿಂಗಳಿಗೆ 6,500 ರೂಪಾಯಿ ಎಂದು ಹಿಡಿಯಲಾಯಿತು. ಮುಂದೆ ಗಳಿಕೆ ಏರುತ್ತಿತ್ತೆಂದು ಅದರ ಅರ್ಧ ಸೇರಿ 9,750 ಆಯಿತು. ಅದನ್ನು 12 ತಿಂಗಳಿಂದ, ಗುಣಕ 18ರಿಂದ ಗುಣಿಸಿ, ಶೇ 85 ತೆಗೆದರೆ 17,90,100 ರೂಪಾಯಿ. ಇದು ಗಳಿಕೆಯ ಬಾಬತ್ತು ಮಾತ್ರ. 2017ರ ಪ್ರಣಯ್ ಸೇಠಿ ತೀರ್ಪಿನ ನಂತರ, ಸ್ವಂತ ದುಡಿಮೆಯ 40ರೊಳಗಿನವರಿಗೆ ಈ ಹೆಚ್ಚಳ ಶೇ 50 ಅಲ್ಲ, 40.

ಕೂಲಿಯವರ ಆದಾಯದ ಬಗ್ಗೆ 2011ರಲ್ಲೇ ರಾಜ್ಯದ ಇನ್ನೊಂದು ಪ್ರಕರಣದಲ್ಲಿ ದಾರಿ ಸಿಕ್ಕಿತ್ತು. 2004ರಲ್ಲಿ ಗಾಯಗೊಂಡ ಕೂಲಿಯೊಬ್ಬರು ತಿಂಗಳಿಗೆ 4,500 ರೂಪಾಯಿ ಎಂದಿದ್ದರೆ ನ್ಯಾಯಮಂಡಳಿ 3,000ಕ್ಕೆ ಇಳಿಸಿತ್ತು. ಆಗಿನ ದಿನಗೂಲಿ ನೂರರಿಂದ ನೂರೈವತ್ತು ಇತ್ತು, ಕೇಳಿದ್ದು ಅತಿಯಲ್ಲ ಎಂದು ಸುಪ್ರೀಂ ಕೋರ್ಟು 4,500ನ್ನೇ ಒಪ್ಪಿತು.

ಹಾವೇರಿ ಜಿಲ್ಲೆಯವರು ಮೇಲ್ಮನವಿಗೆ ಬೆಂಗಳೂರಿಗೆ ಅಲೆಯುವುದು 2008ರಲ್ಲಿ ಧಾರವಾಡದಲ್ಲಿ ಹೈಕೋರ್ಟ್ ಪೀಠ ಬಂದ ಮೇಲೆ ತಪ್ಪಿತು. ಆದರೆ ಅರ್ಜಿಯ ಅವಧಿ ಬಿಗಿಯಾಗಿದೆ. 1994ರಲ್ಲಿ ತೆಗೆದುಹಾಕಿದ್ದ ಕಾಲಮಿತಿಯನ್ನು 2019ರ ತಿದ್ದುಪಡಿ ಮರಳಿ ತಂದಿತು. 2022ರ ಏಪ್ರಿಲ್ 1ರಿಂದ ಅಪಘಾತವಾದ ಆರು ತಿಂಗಳೊಳಗೆ ಅರ್ಜಿ ಸಲ್ಲಿಸಬೇಕೆಂಬುದು ಕಾಯಿದೆಯ ಮಾತು. ಮುರಿದ ಕಾಲಿಗೆ ರಾಡು ಹಾಕಿಸಿಕೊಂಡು ಮಲಗಿದವನಿಗೆ ಆರು ತಿಂಗಳು ಹೆಚ್ಚೇನಲ್ಲ. ಪೊಲೀಸರು ಮೂರು ತಿಂಗಳೊಳಗೆ ನ್ಯಾಯಮಂಡಳಿಗೆ ಅಪಘಾತದ ಮಾಹಿತಿ ವರದಿ ಕಳಿಸಬೇಕೆಂಬ ನಿಯಮವೂ ಅದೇ ತಿದ್ದುಪಡಿಯಲ್ಲಿದೆ.