ಮೂಕಿಗೆ ಮಾತು ಬಂದ ಮೇಲೆ

ಅಂಬಾಜಿದುರ್ಗದ ಬುಡದಲ್ಲಿರುವ ಚಿಂತಾಮಣಿ ಸೀಮೆಯಲ್ಲಿ ಶಾಲೆಯ ಪಾಠ ಕನ್ನಡದ್ದಾದರೂ ಅನೇಕರ ಮನೆಮಾತು ತೆಲುಗು. ಇಂಥ ಊರಿನಲ್ಲಿ ನಿಂತು ನೋಡಿದರೆ ಮೂಕಿ ಚಿತ್ರದ ಒಂದು ಸುಖ ಚೆನ್ನಾಗಿ ಅರ್ಥವಾಗುತ್ತದೆ: ಅದಕ್ಕೆ ಭಾಷೆಯ ಹಂಗಿಲ್ಲ. ಭಾಷೆಯ ಹಂಗಿಲ್ಲದ ಕಡೆ ಬರೆಯುವವನನ್ನು ಯಾರು ಕೇಳುತ್ತಾರೆ?

ಡೆನ್ಮಾರ್ಕಿನಲ್ಲಿ ಕೇಳುವವರಿದ್ದರು. 1906ರಲ್ಲಿ ಹುಟ್ಟಿದ ನಾರ್ಡಿಸ್ಕ್ ಕಂಪನಿ ಹೊರಗಿನವರಿಂದಲೂ ಕಥೆ ಕೊಳ್ಳುತ್ತಿತ್ತು. ಹ್ಯಾರಿಯೆಟ್ ಬ್ಲಾಕ್ ಎಂಬ ಗೃಹಿಣಿ ಮನೆಯಲ್ಲೇ ಕೂತು ಬರೆದು ನೂರಕ್ಕೂ ಹೆಚ್ಚು ಚಿತ್ರಕಥೆಗಳನ್ನು ಮಾರಿದರು. ಮುಂದೆ ಮಹಾನ್ ನಿರ್ದೇಶಕನೆನಿಸಿದ ಡ್ರೇಯರ್ ಕೂಡ ಮೊದಲು ದುಡಿದದ್ದು ಅದೇ ಕಂಪನಿಯ ಬರಹದ ಮೇಜಿನಲ್ಲಿ.

ನಮ್ಮಲ್ಲಿ ಮೂಕಿಯ ಕಾಲ ಗಿಡ್ಡ. 1930ರ ಆಸುಪಾಸಿನಲ್ಲಿ ಮೋಹನ್ ಭವನಾನಿ ಶೂದ್ರಕನ ‘ಮೃಚ್ಛಕಟಿಕ’ವನ್ನು ‘ವಸಂತಸೇನೆ’ಯಾಗಿಸಿದರು, ಟಿ. ಪಿ. ಕೈಲಾಸಂ, ಕಮಲಾದೇವಿ ಚಟ್ಟೋಪಾಧ್ಯಾಯ ಅದರಲ್ಲಿ ಬಣ್ಣ ಹಚ್ಚಿದರು. ಮಾತಿನ ಮಲ್ಲ ಕೈಲಾಸಂ ಮೂಕಿಯಲ್ಲಿ! ಗುಬ್ಬಿ ವೀರಣ್ಣನವರು ಕಂಪನಿ ಕಟ್ಟಿ ‘ಹಿಸ್ ಲವ್ ಅಫೇರ್’ ತೆಗೆಸಿದರು. ಶಿವರಾಮ ಕಾರಂತರು ‘ಡೊಮಿಂಗೊ’, ‘ಭೂತರಾಜ್ಯ’ಗಳಿಗೆ ತಾವೇ ಕೈಹಾಕಿದರು. ತೆಗೆಸಿದವರು, ನಟಿಸಿದವರು ನಮಗೆ ನೆನಪಿದ್ದಾರೆ. ಬರೆದವರ ಹೆಸರು ಥಟ್ಟನೆ ನಾಲಗೆಗೆ ಬರುವುದಿಲ್ಲ.

ಆ ಹೆಸರು ಬಂದದ್ದು ಪರದೆ ಮಾತಾಡಿದ ಮೇಲೆ. 1934ರ ಮಾರ್ಚ್ 3ರಂದು ಬೆಂಗಳೂರಿನಲ್ಲಿ ತೆರೆಕಂಡ ‘ಸತಿ ಸುಲೋಚನ’ಕ್ಕೆ ಹಣ ಚಮನ್‌ಲಾಲ್ ಡುಂಗಾಜಿಯವರದು, ನಿರ್ದೇಶನ ವೈ. ವಿ. ರಾವ್ ಅವರದು, ಚಿತ್ರೀಕರಣ ನಡೆದದ್ದು ದೂರದ ಕೊಲ್ಹಾಪುರದಲ್ಲಿ. ಕನ್ನಡವನ್ನು ಮಾತ್ರ ಇಲ್ಲಿಂದಲೇ ಹೊತ್ತೊಯ್ಯಬೇಕಿತ್ತು. ಹೊತ್ತವರು ತುಮಕೂರು ಸೀಮೆಯ ಬೆಳ್ಳಾವೆ ನರಹರಿ ಶಾಸ್ತ್ರಿಗಳು, ಕಂಪನಿ ನಾಟಕಗಳಲ್ಲಿ ಪಳಗಿದ ಕೈ. ಮಾತೂ ಅವರದೇ, ಹಾಡೂ ಅವರದೇ. ಇಂದ್ರಜಿತುವಾದ ಸುಬ್ಬಯ್ಯ ನಾಯ್ಡು, ರಾವಣನಾದ ಆರ್. ನಾಗೇಂದ್ರರಾಯರು, ಸುಲೋಚನೆಯಾದ ತ್ರಿಪುರಾಂಬ ಶಾಸ್ತ್ರಿಗಳ ಮಾತನ್ನೇ ಆಡಿದರು. ಚಿತ್ರದ ಪ್ರತಿ ಇಂದು ಉಳಿದಿಲ್ಲ.

ಹಾಗಾಗಿ ನಮ್ಮ ಚಿತ್ರಸಾಹಿತಿ ಹ್ಯಾರಿಯೆಟ್ ಬ್ಲಾಕ್‌ರ ಸಂತತಿಯಲ್ಲ. ನಾಟಕ ಕಂಪನಿಯ ಕವಿಯ ಸಂತತಿ. ದೃಶ್ಯ ಕಟ್ಟುವುದಕ್ಕಿಂತ ಮಾತು ಕಟ್ಟುವುದರಲ್ಲಿ ಅವನ ಬಲವಿತ್ತು. ಇದನ್ನು ಕೊರತೆ ಎನ್ನುವವರಿದ್ದಾರೆ. ನನಗೆ ಹಾಗನ್ನಿಸದು: ಪಕ್ಕದಲ್ಲೇ ತೆಲುಗು, ತಮಿಳು ಟಾಕಿಗಳು ಮಾತಾಡುತ್ತಿದ್ದಾಗ ಗಡಿಸೀಮೆಯ ಪ್ರೇಕ್ಷಕನನ್ನು ಕನ್ನಡದತ್ತ ಎಳೆಯಲು ಕಿವಿಗೆ ಹಿಡಿಸುವ ಮಾತೇ ಬೇಕಿತ್ತು. 1954ರ ‘ಬೇಡರ ಕಣ್ಣಪ್ಪ’ವೂ ರಂಗದಿಂದಲೇ ಬಂತು. ಹುಣಸೂರು ಕೃಷ್ಣಮೂರ್ತಿ, ಜಿ. ವಿ. ಅಯ್ಯರ್ ಅದೇ ಗರಡಿಯವರು. 1963ರ ‘ಸಂತ ತುಕಾರಾಂ’ನಿಂದ ಚಿ. ಉದಯಶಂಕರ್ ಸಂಭಾಷಣೆಯನ್ನು ಬೀದಿಯ ಮಾತಿನ ಹತ್ತಿರಕ್ಕೆ ತಂದರು. 1970ರಲ್ಲಿ ಗಿರೀಶ ಕಾರ್ನಾಡರು ಅನಂತಮೂರ್ತಿಯವರ ‘ಸಂಸ್ಕಾರ’ಕ್ಕೆ ಚಿತ್ರಕಥೆ ಬರೆದಾಗ ಮೌನಕ್ಕೂ ಪುಟದಲ್ಲಿ ಜಾಗ ಸಿಕ್ಕಿತು.

ಮೂಕಿ ತೆಗೆದಿದ್ದ ಕಾರಂತರು ಮತ್ತೆ ನಿರ್ದೇಶನಕ್ಕೆ ಬಂದದ್ದು 1978ರಲ್ಲಿ, ‘ಮಲೆಯ ಮಕ್ಕಳು’ ಚಿತ್ರಕ್ಕೆ. ಆ ಹೊತ್ತಿಗೆ ಕಥೆಗಾಗಿ ಬೇರೆ ಕಡೆ ನೋಡಬೇಕಿರಲಿಲ್ಲ. ತಮ್ಮದೇ ‘ಕುಡಿಯರ ಕೂಸು’ ಕಾದಂಬರಿ ಕೈಯಲ್ಲಿತ್ತು.